ಬಚ್ಚಲ ಹಿಂದಿನ ಮೊಮ್ಮಕ್ಕಳು

ಆ ದ್ವೀಪದಲ್ಲಿ ಐದು ಮರಗಳಿದ್ದವು.

ತೆಂಗು, ಹಲಸು, ಹೊನ್ನೆ ಎಂದು ಬೇರೆ ಮರಗಳೂ ಇದ್ದವು. ಆದರೆ ಅವು ಎಲ್ಲ ಊರಿನಲ್ಲೂ ಇರುವಂಥವು. ಮರ ಅಂದರೆ ಆ ಐದು ಮಾತ್ರ. ಆ ಜಾತಿಯ ಆರನೆಯ ಮರ ಭೂಮಿಯ ಮೇಲೆ ಎಲ್ಲೂ ಇಲ್ಲವೆಂದು ಹಡಗಿನಲ್ಲಿ ಸುತ್ತಿ ಬಂದವರೆಲ್ಲ ಹೇಳಿದ್ದರು. ತೊಗಟೆ ಕಪ್ಪು, ನೀರಾರಿದ ಕೆರೆಯ ಹಾಗೆ ಬಿರುಕು ಬಿರುಕು. ಎಲೆ ಬಲಿತ ಮೇಲೆ ಅಂಚಿನಿಂದ ಕೆಂಪಾಗುತ್ತಿತ್ತು. ಹೂವು ಉಗುರಿನಷ್ಟು, ಬಿಳಿ, ನಡುವೆ ಹಳದಿ ಕೇಸರ. ಕಾಯಿ ಒಣಗಿದಾಗ ಪುಟ್ಟ ಕೊಡೆಯ ಹಾಗೆ ಬಿಚ್ಚಿಕೊಂಡು, ಬೀಜ ಗಾಳಿಗೆ ಉದುರುತ್ತಿತ್ತು.

ಐದೂ ಒಂದೇ ಕುಟುಂಬ. ಅಜ್ಜ, ಅಜ್ಜಿ, ದೊಡ್ಡಣ್ಣ, ಅತ್ತಿಗೆ, ಮದುವೆಯಾಗದ ತಂಗಿ. ಯಾವುದು ಗಂಡು, ಯಾವುದು ಹೆಣ್ಣು ಎಂದು ಯಾರು ಯಾವಾಗ ನೋಡಿ ತೀರ್ಮಾನಿಸಿದರೋ ಗೊತ್ತಿಲ್ಲ. ಐದಕ್ಕೂ ಒಂದೇ ಬಗೆಯ ಹೂವು, ಒಂದೇ ಬಗೆಯ ಕಾಯಿ. ಆದರೂ ಅಜ್ಜನ ಬುಡಕ್ಕೆ ಪಂಚೆ ಸುತ್ತುತ್ತಿದ್ದರು, ಅಜ್ಜಿಯ ಬುಡಕ್ಕೆ ಸೀರೆ.

ಆ ದ್ವೀಪಕ್ಕೆ ಒಂದೇ ಒಂದು ಕಟ್ಟಳೆ. ಉಣ್ಣುವುದು, ಮಲಗುವುದು, ಸಾಯುವುದು ಈ ಮೂರನ್ನು ಬಿಟ್ಟು ಯಾವ ಹೊಸ ಕೆಲಸಕ್ಕೆ ಕೈ ಹಾಕುವುದಿದ್ದರೂ ಕುಟುಂಬವನ್ನು ಕೇಳಬೇಕು. ಮರದ ಕೆಳಗೆ ಬಿಳಿ ಬಟ್ಟೆ ಹಾಸಬೇಕು. ಕೇಳಬೇಕಾದ್ದನ್ನು ಒಮ್ಮೆ ಹೇಳಬೇಕು. ಆಮೇಲೆ ಸುಮ್ಮನೆ ಕೂರಬೇಕು. ಸೂರ್ಯ ಮುಳುಗುವುದರೊಳಗೆ ಬಟ್ಟೆಯ ಮೇಲೆ ಹೂವು ಬಿದ್ದರೆ ಅಪ್ಪಣೆ. ಬೀಳದಿದ್ದರೆ, ಇನ್ನೂ ಹೊತ್ತು ಬಂದಿಲ್ಲ. ಕುಟುಂಬದವರು ಇದುವರೆಗೆ ಯಾರಿಗೂ ಬೇಡ ಅಂದವರಲ್ಲ. ಅದೇ ದ್ವೀಪದವರ ಹೆಮ್ಮೆ. ಬೇರೆ ಊರಿನ ದೇವರು ಮುಖಕ್ಕೆ ಹೊಡೆದ ಹಾಗೆ ಆಗದು ಅನ್ನುತ್ತಾರಂತೆ, ನಮ್ಮವರು ಹಾಗಲ್ಲ ಎನ್ನುತ್ತಿದ್ದರು.

ಹಿಂದೆ ಹೂವು ಭತ್ತದ ಅರಳು ಚೆಲ್ಲಿದ ಹಾಗೆ ಬೀಳುತ್ತಿತ್ತಂತೆ. ಕೆಳಗೆ ನಡೆದು ಹೋಗುವವರ ತಲೆಯ ಮೇಲೂ ಬಿದ್ದು, ಏನೂ ಕೇಳದವರಿಗೂ ಅಪ್ಪಣೆ ಸಿಗುತ್ತಿತ್ತಂತೆ. ಬರಬರುತ್ತ ಹೂವು ಕಡಿಮೆಯಾಯಿತು. ಮೊದಲು ದಿನಕ್ಕೊಂದು, ಆಮೇಲೆ ತಿಂಗಳಿಗೊಂದು, ಆಮೇಲೆ ವರ್ಷಕ್ಕೆ ಮೂರೋ ನಾಲ್ಕೋ.

ಕುಟುಂಬವನ್ನು ನೋಡಿಕೊಳ್ಳಲು ಒಬ್ಬ ಯಜಮಾನರಿದ್ದರು. ಎಪ್ಪತ್ತು ದಾಟಿದವರು, ಸಣಕಲು ಮೈ, ದಿನಕ್ಕೆ ಐದು ಸಲ ಸ್ನಾನ. ಅವರು ಮೋಸಗಾರರಲ್ಲ. ಮರಗಳ ಮೇಲೆ ಅವರಿಗಿದ್ದಷ್ಟು ಪ್ರೀತಿ ದ್ವೀಪದಲ್ಲಿ ಯಾರಿಗೂ ಇರಲಿಲ್ಲ. ಹೂವು ಕಡಿಮೆಯಾದಾಗಲೆಲ್ಲ ಅವರು ಊಟ ಬಿಟ್ಟು ಯೋಚಿಸುತ್ತಿದ್ದರು. ಯೋಚಿಸಿದಾಗಲೆಲ್ಲ ಎಲ್ಲೋ ಮರ್ಯಾದೆ ಕಡಿಮೆಯಾಗಿದೆ ಎಂದೇ ಅವರಿಗೆ ಕಾಣುತ್ತಿತ್ತು. ಬರಿ ಮಣ್ಣಿನಲ್ಲಿ ನಿಲ್ಲಿಸಿದ್ದೇವಲ್ಲ ಎಂದು ಮರಗಳ ಸುತ್ತ ಕಲ್ಲಿನ ಕಟ್ಟೆ ಕಟ್ಟಿಸಿದರು. ಹೂವು ಇನ್ನಷ್ಟು ಕಡಿಮೆಯಾಯಿತು. ಬೇರಿಗೆ ನೀರು ಹೊಯ್ಯುವುದು ದನಕ್ಕೆ ಕೊಟ್ಟ ಹಾಗಾಗುತ್ತದೆ ಎಂದು ಹಾಲು ಹೊಯ್ಯಿಸಿದರು, ಹಬ್ಬದ ದಿನ ಎಣ್ಣೆ. ಕಟ್ಟೆಯ ಮೇಲೆ ಒಂದು ಎಲೆಯೂ ಬಿದ್ದಿರಬಾರದೆಂದು ದಿನಕ್ಕೆ ಮೂರು ಸಲ ಗುಡಿಸಲು ಹೇಳಿದರು. ಜೇನುಹುಳುಗಳು ಹೂವಿನೊಳಗೆ ಮೂತಿ ಇಡುವುದು ನೋಡಲಾಗದೆ, ಹೊಗೆ ಹಾಕಿ ಓಡಿಸಬೇಕೆಂದರು. ಕುಟುಂಬದ ಎದುರು ಯಾರೂ ಜೋರಾಗಿ ಮಾತಾಡಬಾರದು, ನಗಬಾರದು, ಬಹುವಚನ ಬಿಡಬಾರದು.

ಇಷ್ಟಾಗುವ ಹೊತ್ತಿಗೆ ದ್ವೀಪದ ಕೆಲಸಗಳೆಲ್ಲ ನಿಂತಲ್ಲೇ ನಿಂತಿದ್ದವು. ಗೋಡೆ ಎದ್ದ ಮನೆಗಳಿಗೆ ಮಾಡು ಹೊದಿಸಲು ಅಪ್ಪಣೆ ಸಿಕ್ಕಿರಲಿಲ್ಲ. ಒಳಗಿದ್ದವರು ಮಳೆ ಬಂದಾಗ ಕೊಡೆ ಹಿಡಿದು ಅಡಿಗೆ ಮಾಡುತ್ತಿದ್ದರು. ಹೊಸ ಬಾವಿಯೊಂದು ನೀರು ಸಿಗಲು ಒಂದು ಮೊಳ ಇರುವಾಗ ನಿಂತಿತ್ತು. ಕೂದಲು ಕತ್ತರಿಸಿಕೊಳ್ಳಲೇ ಎಂದು ಕೇಳಿದವನೊಬ್ಬನಿದ್ದ. ಕೇಳಿ ಹನ್ನೆರಡು ವರ್ಷವಾಗಿ ಅವನ ಕೂದಲು ಸೊಂಟ ದಾಟಿತ್ತು. ಅವನ ಹೆಸರು ಎಲ್ಲರಿಗೂ ಮರೆತು ಕೂದಲಯ್ಯ ಎಂದೇ ಆಗಿಹೋಗಿತ್ತು.

ಮತ್ತೆ ದುಗ್ಗಿ ಮತ್ತು ಈರ.

ದುಗ್ಗಿಗೆ ಇಪ್ಪತ್ತಮೂರು, ದೋಣಿ ನಡೆಸುವ ಈರನಿಗೆ ಇಪ್ಪತ್ತಾರು ಇದ್ದಾಗ ಇಬ್ಬರೂ ತಂಗಿಯ ಮರದ ಕೆಳಗೆ ಬಟ್ಟೆ ಹಾಸಿ, ಮದುವೆಯಾಗಲೇ ಎಂದು ಕೇಳಿದ್ದರು. ಮದುವೆಯ ವಿಷಯ ತಂಗಿಯದೇ. ಅಂದು ಹೂವು ಬೀಳಲಿಲ್ಲ. ಮುಂದಿನ ಹುಣ್ಣಿಮೆಯ ದಿನ ಮತ್ತೆ ಬಂದರು. ಹೀಗೆ ಹುಣ್ಣಿಮೆಗೊಂದು ಸಲ, ಬೆಳಿಗ್ಗೆ ಕೂತು ಸಂಜೆ ಏಳುತ್ತಿದ್ದರು. ಹದಿನೆಂಟು ವರ್ಷ ಕಳೆಯಿತು. ಕಾದು ಕೂರುವ ಹೊತ್ತಿನಲ್ಲಿ ಈರ ಬಲೆ ಹೆಣೆಯುತ್ತಿದ್ದ, ದುಗ್ಗಿ ಹುರಿಗಡಲೆ ತಿನ್ನುತ್ತಿದ್ದಳು. ಅವರ ಬಟ್ಟೆ ತೊಳೆದು ತೊಳೆದು ಬಲೆಗಿಂತ ತೆಳುವಾಗಿತ್ತು.

ಎರಡನೆಯ ವರ್ಷ ಕಟ್ಟೆ ಗುಡಿಸುವ ಕೆಲಸ ಖಾಲಿಯಾದಾಗ ದುಗ್ಗಿಯೇ ಹೋಗಿ ಕೇಳಿ ತೆಗೆದುಕೊಂಡಿದ್ದಳು. ಹತ್ತಿರ ಇದ್ದರೆ ತಂಗಿಗೆ ಮುಖಪರಿಚಯವಾಗುತ್ತದೆ ಎಂದು ಆಗ ಅವಳ ಲೆಕ್ಕ. ಹದಿನಾರು ವರ್ಷ ಗುಡಿಸಿದ ಮೇಲೆ ಪರಿಚಯ ಎಷ್ಟಾಗಿತ್ತೆಂದರೆ, ಸುತ್ತ ಯಾರೂ ಇಲ್ಲದಾಗ ಅವಳು ಮರಗಳನ್ನು ಏಕವಚನದಲ್ಲೇ ಮಾತಾಡಿಸುತ್ತಿದ್ದಳು.

"ನಿನಗೆ ಆಗಿಲ್ಲ ಅಂತ ನನಗೂ ಆಗಬಾರದಾ?" ಎಂದು ತಂಗಿಯ ಬುಡದಲ್ಲಿ ಕಸಬರಿಕೆ ಆಡಿಸುತ್ತ ಕೇಳುತ್ತಿದ್ದಳು. "ನೋಡು, ನನ್ನ ಕೂದಲು ಬೆಳ್ಳಗಾಗ್ತಾ ಇದೆ. ನಿನಗೇನು, ಎಲೆ ಕೆಂಪಾದ್ರೆ ಚಂದ ಕಾಣತ್ತೆ."

ಅಜ್ಜನ ಬುಡದಲ್ಲಿ ಹುಳಿ ವಾಸನೆ ಬಂದರೆ, "ಮುದುಕ, ನಿನಗೆ ಹಾಲು ಯಾಕೆ ಈ ವಯಸ್ಸಿನಲ್ಲಿ" ಎನ್ನುತ್ತಿದ್ದಳು.

ದುಗ್ಗಿ ಶ್ರದ್ಧೆಯ ಹೆಂಗಸಲ್ಲ. ಹೊಗೆ ಹಾಕುವುದು ಅವಳ ಕೆಲಸವಾಗಿತ್ತು. ಕೆಮ್ಮು ಬರುತ್ತದೆಂದು ಹಾಕುತ್ತಿರಲಿಲ್ಲ. ಗುಡಿಸಿದ ಎಲೆ, ಕಾಯಿ, ಕಸವನ್ನೆಲ್ಲ ಬುಟ್ಟಿಯಲ್ಲಿ ತುಂಬಿ, ತಲೆಯ ಮೇಲೆ ಹೊತ್ತು, ಮುನ್ನೂರು ಮೆಟ್ಟಿಲಿಳಿದು ಸಮುದ್ರಕ್ಕೆ ಬಿಟ್ಟು ಕೈ ಮುಗಿಯಬೇಕೆಂದಿತ್ತು. ಸೊಂಟನೋವು ಶುರುವಾದ ಮೇಲೆ ಅವಳು ಆ ಬುಟ್ಟಿಯನ್ನು ತನ್ನ ಮನೆಯ ಬಚ್ಚಲ ಹಿಂದೆ ಸುರಿದುಬಿಡುತ್ತಿದ್ದಳು. ಸ್ನಾನದ ನೀರು, ಪಾತ್ರೆ ತೊಳೆದ ನೀರು ಎಲ್ಲ ಹರಿದು ನಿಲ್ಲುವ ಗುಂಡಿ ಅದು. ಕೆಸುವಿನ ಗಿಡಗಳು ಆನೆಕಿವಿಯಷ್ಟು ಎಲೆ ಬಿಟ್ಟು ನಿಂತಿದ್ದವು.

ಒಂದು ಬೆಳಿಗ್ಗೆ ಅವಳು ಪತ್ರೊಡೆಗೆಂದು ಕೆಸುವಿನ ಎಲೆ ಕೊಯ್ಯಲು ಹೋದಳು. ಎಲೆ ಬಗ್ಗಿಸಿದಾಗ ಅಡಿಯ ನೆರಳಿನಲ್ಲಿ, ಕಪ್ಪು ರಾಡಿಯಲ್ಲಿ, ಗೇಣುದ್ದದ ಗಿಡವೊಂದು ಕಂಡಿತು. ಎಲೆಯ ಅಂಚು ಕೆಂಪಗಿತ್ತು. ಪಕ್ಕದಲ್ಲಿ ಇನ್ನೊಂದು. ಆಚೆ ಮತ್ತೂ ಮೂರು. ಅವಳು ಕತ್ತಿ ಕೆಳಗಿಟ್ಟು ಕೆಸರಿನಲ್ಲೇ ಕುಕ್ಕುರುಗಾಲಲ್ಲಿ ಕೂತು ಎಣಿಸಿದಳು. ಒಂಬತ್ತು. ಹದಿನಾರು ವರ್ಷ ಆ ಎಲೆಯನ್ನು ಗುಡಿಸಿದವಳಿಗೆ ಎರಡನೇ ಸಲ ನೋಡುವ ಅಗತ್ಯವಿರಲಿಲ್ಲ.

ಈರನನ್ನು ಕರೆಸಿ ತೋರಿಸಿದಳು. ಅವನು ಚಪ್ಪಲಿ ಬಿಟ್ಟ. ತಲೆಯ ವಸ್ತ್ರ ತೆಗೆದ. ಕೈ ಮುಗಿಯಲೋ ಬೇಡವೋ ತಿಳಿಯದೆ ಎರಡೂ ಕೈಯನ್ನು ಎದೆಯ ಹತ್ತಿರ ತಂದು ಸುಮ್ಮನೆ ನಿಂತ.

"ಇವರು ಇಲ್ಲಿಗೆ ಹೇಗೆ ಬಂದ್ರು?"

"ಬುಟ್ಟಿಯಲ್ಲಿ."

"ಅಲ್ಲಿ ಅಷ್ಟು ಚಂದದ ಕಟ್ಟೆ ಇದೆ. ಹಾಲಿದೆ. ಅಲ್ಲಿ ಇಷ್ಟು ವರ್ಷದಲ್ಲಿ ಒಂದೂ ಹುಟ್ಟಲಿಲ್ಲ."

"ಕಲ್ಲಿನ ಮೇಲೆ ಬಿದ್ದದ್ದನ್ನ ನಾನು ದಿನಕ್ಕೆ ಮೂರು ಸಲ ಗುಡಿಸ್ತೀನಿ, ಎಲ್ಲಿಂದ ಹುಟ್ಟಬೇಕು?" ಎಂದಳು ದುಗ್ಗಿ. ಹೇಳಿ, ತನ್ನ ಎರಡೂ ಕೈಗಳನ್ನು ನೋಡಿಕೊಂಡಳು.

ಯಾರಿಗೂ ಹೇಳುವುದು ಬೇಡವೆಂದು ಇಬ್ಬರೂ ಮಾತಾಡಿಕೊಂಡರು. ಅಂದಿನಿಂದ ದುಗ್ಗಿ ದಿನಕ್ಕೆ ಎರಡು ಸಲ ಸ್ನಾನ ಮಾಡತೊಡಗಿದಳು. ಗುಡಿಸುವವಳಿಗೆ ಇದ್ದಕ್ಕಿದ್ದಂತೆ ಮಡಿ ಹತ್ತಿದೆ ಎಂದು ನೆರೆಯವರು ಆಡಿಕೊಂಡರು. ಯಜಮಾನರಿಗೆ ಕೇಳಿ ಸಂತೋಷವಾಯಿತು.

ಎರಡು ತಿಂಗಳ ಮೇಲೆ, ಒಂದೆಲೆಯೂ ಅಲ್ಲಾಡದ ನಡುಮಧ್ಯಾಹ್ನ, ಅಜ್ಜ ಬಿದ್ದ.

ಅಂದು ಕಟ್ಟೆಯ ಬಳಿ ದ್ವೀಪದವರೆಲ್ಲ ಸೇರಿದ್ದರು. ಹೂವು ಯಾಕೆ ಬೀಳುತ್ತಿಲ್ಲ ಎಂಬ ವಿಚಾರವಾಗಿಯೇ ಮಾತು ನಡೆದಿತ್ತು. ಯಜಮಾನರು ನೀರು ಕುಡಿಯಲೆಂದು ತಮ್ಮ ಕಲ್ಲಿನ ಪೀಠದಿಂದ ಎದ್ದು ಆಚೆ ಹೋಗಿದ್ದರು. ಮೊದಲು ಹಳೆಯ ಬಾಗಿಲು ತೆರೆದ ಹಾಗೆ ಒಂದು ಸದ್ದು. ಆಮೇಲೆ ಅಜ್ಜ ನಿಧಾನವಾಗಿ, ದಣಿದವರು ಮಲಗುವ ಹಾಗೆ, ಪೀಠದ ಮೇಲೆಯೇ ಒರಗಿದ. ಪೀಠ ಎರಡು ಹೋಳಾಯಿತು. ಕಟ್ಟೆಯ ಕಲ್ಲುಗಳು ಮೇಲಕ್ಕೆದ್ದವು. ಬೇರುಗಳು ಹೊರಗೆ ಬಂದಾಗ ಹುಳಿತ ಮೊಸರಿನ ವಾಸನೆ ಊರೆಲ್ಲ ತುಂಬಿತು. ಮುಟ್ಟಿದರೆ ಬೆರಳು ಒಳಗೆ ಹೋಗುವಷ್ಟು ಮೆತ್ತಗಾಗಿದ್ದವು.

"ಹಾಲು ಕುಡಿಸಿಯೇ ಕೊಳೆಸಿದ್ದೀವಿ" ಎಂದಳು ದುಗ್ಗಿ. ಅವಳು ಮೆಲ್ಲಗೇ ಹೇಳಿದ್ದಳು. ಆದರೆ ಆ ಹೊತ್ತಿಗೆ ಬೇರೆ ಯಾರೂ ಮಾತಾಡುತ್ತಿರಲಿಲ್ಲ. ಯಜಮಾನರು ಅವಳ ಕಡೆ ನೋಡಿದರು.  ಕೈಯಲ್ಲಿದ್ದ ಚೊಂಬನ್ನು ಒಡೆದ ಪೀಠದ ಪಕ್ಕದಲ್ಲಿಟ್ಟರು.

ಹನ್ನೊಂದು ದಿನದ ಸೂತಕ ಎಂದು ತೀರ್ಮಾನವಾಯಿತು. ಹಿರಿಯ ಮಗ ದೊಡ್ಡಣ್ಣ ನಿಂತಲ್ಲಿಂದ ಕದಲುವ ಹಾಗಿಲ್ಲದ್ದರಿಂದ ಯಜಮಾನರೇ ಅವನ ಪರವಾಗಿ ಕ್ರಿಯೆಗೆ ಕೂತರು. ಗಂಡಸರೆಲ್ಲ ತಲೆ ಬೋಳಿಸಬೇಕೆಂದಾಗ ಯಾರೋ ಅಳುಕುತ್ತ ಕೇಳಿದರು, ಇದಕ್ಕೆ ಅಪ್ಪಣೆ ಬೇಡವೇ ಎಂದು.

"ಇದು ಹಳೆಯ ಪದ್ಧತಿ. ಹಳೆಯದಕ್ಕೆ ಕೇಳಬೇಕಾಗಿಲ್ಲ" ಎಂದರು ಯಜಮಾನರು.

ಕೂದಲಯ್ಯ ಸಾಲಿನಲ್ಲಿ ಎಲ್ಲರಿಗಿಂತ ಮುಂದೆ ನಿಂತಿದ್ದ. ಹನ್ನೆರಡು ವರ್ಷದ ಕೂದಲು ಉರುಳುರುಳಾಗಿ ಬೀಳುವಾಗ ಅವನು ಅಳುತ್ತಿದ್ದ. ಅಜ್ಜನ ಮೇಲೆ ಇವನಿಗೆ ಇಷ್ಟು ಪ್ರೀತಿ ಇತ್ತೇ ಎಂದು ನೋಡಿದವರೆಲ್ಲ ಕರಗಿದರು. ಅವನು ಮಾತ್ರ ಬೋಳು ತಲೆಗೆ ಗಾಳಿ ತಾಗಿದ ಸುಖಕ್ಕೆ ಅಳುತ್ತಿದ್ದ.

ಹನ್ನೆರಡನೆಯ ದಿನ ಯಜಮಾನರು ಎಲ್ಲರನ್ನೂ ಮತ್ತೆ ಸೇರಿಸಿದರು. ಹೇಳಬೇಕಾದ್ದನ್ನು ಹೇಳಲು ಅವರಿಗೂ ಕಷ್ಟವಾಗುತ್ತಿತ್ತು. 

"ಅಜ್ಜ ಹೋದರು. ಅಜ್ಜಿಯವರು ಇನ್ನು ಹೂ ಮುಡಿಯುವ ಹಾಗಿಲ್ಲ."

ಆ ವರ್ಷ ಐದು ಮರಗಳ ಪೈಕಿ ಮೊಗ್ಗು ಬಿಟ್ಟಿದ್ದವಳು ಅಜ್ಜಿ ಒಬ್ಬಳೇ. ಅದೂ ಹಿಂದೆಂದೂ ಬಿಡದಷ್ಟು. ಕೊಂಬೆಕೊಂಬೆಯ ತುದಿಯಲ್ಲಿ ಅಕ್ಕಿಕಾಳಿನಷ್ಟು ಬಿಳಿ ಚುಕ್ಕೆ.

ಗಂಡಸರು ನೆಲ ನೋಡಿದರು. ಹೆಂಗಸರ ಗುಂಪಿನಲ್ಲಿ ಈರನ ತಾಯಿ ಇದ್ದಳು. ಈರ ಹೊಟ್ಟೆಯಲ್ಲಿದ್ದಾಗಲೇ ಗಂಡ ದೋಣಿಯೊಂದಿಗೆ ಮುಳುಗಿ, ಇಪ್ಪತ್ತನೇ ವಯಸ್ಸಿನಲ್ಲಿ ಹೂವು ತೆಗೆಸಿಕೊಂಡವಳು. ಅವಳು ಸೆರಗಿನ ತುದಿಯನ್ನು ಹಿಡಿದು ಹಿಂಡುತ್ತಿದ್ದಳು.

"ಇದಕ್ಕಾದರೂ ಅವರನ್ನೇ ಒಂದು ಮಾತು ಕೇಳಬಹುದಲ್ಲ" ಎಂದ ಕೂದಲಯ್ಯ.

"ಹಳೆಯ ಪದ್ಧತಿ" ಎಂದರು ಯಜಮಾನರು. "ಕಟ್ಟೆ ಹತ್ತುವ ಹಕ್ಕು ಗುಡಿಸುವವಳಿಗೆ ಮಾತ್ರ ಇದೆ. ದುಗ್ಗಿ, ಏಣಿ ತಾ. ಮೊಗ್ಗೆಲ್ಲ ತೆಗೆದುಬಿಡು."

ದುಗ್ಗಿ ಏಣಿ ತಂದು ಒರಗಿಸಿದಳು. ಹತ್ತಿದಳು. ಹದಿನಾರು ವರ್ಷ ಮರದ ಬುಡವನ್ನಷ್ಟೇ ನೋಡಿದವಳು, ಕೊಂಬೆಯ ಮಟ್ಟಕ್ಕೆ ಬಂದದ್ದು ಅದೇ ಮೊದಲು. ಒಂದೊಂದು ಗೊಂಚಲಲ್ಲಿ ಇಪ್ಪತ್ತು ಮೂವತ್ತು ಮೊಗ್ಗು. ಹಣೆಯ ಹತ್ತಿರ ಒಂದು ಗೊಂಚಲು ತೂಗುತ್ತಿತ್ತು. ಕೈ ಚಾಚಿದಳು. ಚಾಚಿದ ಕೈ ಅಲ್ಲೇ ಸ್ವಲ್ಪ ಹೊತ್ತು ಇತ್ತು. ಆಮೇಲೆ ಅವಳು ಒಂದೊಂದೇ ಮೆಟ್ಟಿಲು ಇಳಿದು ಬಂದು ಸೆರಗಿನಿಂದ ಮುಖ ಒರೆಸಿಕೊಂಡಳು.

"ನನ್ನಿಂದ ಆಗಲ್ಲ, ಯಜಮಾನರೆ."

"ಯಾಕೆ?"

"ಮೊಮ್ಮಕ್ಕಳು ಆಡ್ಕೊಂಡಿರೋ ಮನೆಯಲ್ಲಿ ಅಜ್ಜಿಗೆ ಯಾರಾದ್ರೂ ಹೀಗೆ ಮಾಡ್ತಾರಾ?"

"ಯಾವ ಮೊಮ್ಮಕ್ಕಳು?"

ಈರ ದೂರದಿಂದ ಬೇಡ ಬೇಡ ಎಂದು ತಲೆ ಆಡಿಸುತ್ತಿದ್ದ. ದುಗ್ಗಿ ಅವನ ಕಡೆ ನೋಡಲಿಲ್ಲ.

"ಒಂಬತ್ತು ಜನ ಇದ್ದಾರೆ" ಎಂದಳು. "ನನ್ನ ಬಚ್ಚಲ ಹಿಂದೆ."

ಇಡೀ ದ್ವೀಪ ಅವಳ ಬಚ್ಚಲ ಕಡೆ ಹೊರಟಿತು. ಮುಂದೆ ಯಜಮಾನರು, ಹಿಂದೆ ಗಂಟೆ ಹಿಡಿದವರು, ಅವರ ಹಿಂದೆ ಮಡಿಬಟ್ಟೆಯ ಹಿರಿಯರು, ಕೊನೆಗೆ ಉಳಿದವರು. ತೆಂಗಿನ ಮಡಲಿನ ತಟ್ಟಿಯ ಬಚ್ಚಲು, ಬಟ್ಟೆ ಒಗೆಯುವ ಕಲ್ಲು, ಹರಿದ ನೀರು, ರಾಡಿ, ಕೆಸು. ದುಗ್ಗಿ ಎಲೆಗಳನ್ನು ಬಗ್ಗಿಸಿ ಹಿಡಿದಳು. ಒಂಬತ್ತೂ ಗಿಡಗಳು ಮೊಳಕೈ ಉದ್ದ ಬೆಳೆದಿದ್ದವು. ಅವುಗಳ ಮೇಲೆ ಒಂದು ಸೀಗೆಪುಡಿಯ ಗೆರೆ ಹರಿದು ಒಣಗಿತ್ತು.

 ಯಜಮಾನರ ಮುಖದಲ್ಲಿ ಮೊದಲು ಕಂಡದ್ದು ಸಂತೋಷವೇ. ದುಗ್ಗಿ ಅದನ್ನು ನೋಡಿದಳು. ಮರುಕ್ಷಣ ಅವರು ತಮ್ಮ ಕಾಲಿನ ಕೆಳಗಿನ ರಾಡಿಯನ್ನು ನೋಡಿಕೊಂಡರು, ಸಂತೋಷ ಅಲ್ಲಿಗೆ ನಿಂತಿತು.

"ಸಮುದ್ರಕ್ಕೆ ಬಿಡಬೇಕಾದ್ದನ್ನು ಇಲ್ಲಿಗೆ ಯಾಕೆ ತಂದೆ?"

"ಸೊಂಟನೋವು, ಯಜಮಾನರೆ."

"ಇವರು ಆ ಮನೆಯವರೇ ಎಂದು ಹೇಗೆ ಹೇಳುವುದು? ತಂದೆ ಯಾರು, ತಾಯಿ ಯಾರು? ಅತ್ತಿಗೆಯ ಮಕ್ಕಳಾದರೆ ಸರಿ. ತಂಗಿಯವರ ಮಕ್ಕಳೆಂದರೆ?"

ಜನರ ನಡುವೆ ಗುಸುಗುಸು ಎದ್ದಿತು. ಮದುವೆಯಾಗದ ತಂಗಿಯ ವಿಚಾರದಲ್ಲಿ ಆ ಸಂಶಯ ಇದುವರೆಗೆ ಯಾರಿಗೂ ಹೊಳೆದಿರಲಿಲ್ಲ.

ಯಜಮಾನರು ಸಂಜೆಯವರೆಗೆ ಯೋಚಿಸಿ ತೀರ್ಪು ಹೇಳಿದರು. ಈ ಒಂಬತ್ತು ಜನ ಮನೆಯವರೋ ಅಲ್ಲವೋ ಎಂಬುದನ್ನು ಅಜ್ಜಿಯವರನ್ನೇ ಕೇಳಬೇಕು. ಬಟ್ಟೆಯ ಮೇಲೆ ಹೂವು ಬಿದ್ದರೆ ಮನೆಯವರು. ಅಲ್ಲಿಯವರೆಗೆ ಅಜ್ಜಿಯವರ ಮೊಗ್ಗನ್ನೂ ಮುಟ್ಟುವುದು ಬೇಡ. ಅಲ್ಲಿಯವರೆಗೆ ಈ ಮಕ್ಕಳ ಮೇಲೆ ಕೊಳೆನೀರಿನ ಒಂದು ಹನಿಯೂ ಬೀಳಬಾರದು. ನಾಳೆ ಮನೆಯವರೆಂದು ಗೊತ್ತಾದರೆ ಆ ಪಾಪ ಯಾರಿಗೆ? ಒಳ್ಳೆಯ ನೀರು ಹೊಯ್ಯುವುದೂ ಬೇಡ. ನಾಳೆ ಅಲ್ಲವೆಂದು ಗೊತ್ತಾದರೆ ಅದೂ ತಪ್ಪು. ಬಚ್ಚಲಿಗೆ ಬೀಗ. ದುಗ್ಗಿ ಸಮುದ್ರದಲ್ಲಿ ಮೈ ತೊಳೆದುಕೊಳ್ಳಲಿ.

ಗಿಡಗಳ ಸುತ್ತ ಬಿದಿರು ನೆಟ್ಟು ಬಿಳಿ ಪರದೆ ಕಟ್ಟಿದರು. ಕೆಸುವನ್ನೆಲ್ಲ ಕಿತ್ತು ಜಾಗ ಶುದ್ಧಮಾಡಿದರು. ನೆರಳು ಹೋಯಿತು, ನೀರು ಹೋಯಿತು. ಬಿಸಿಲು ಕಾಲ. ಎರಡನೇ ದಿನಕ್ಕೆ ರಾಡಿ ಬಿರಿಯಿತು. ನಾಲ್ಕನೇ ದಿನ ಒಂದು ಗಿಡ ಸತ್ತಿತು, ಐದನೇ ದಿನ ಇನ್ನೊಂದು. ಸೂತಕವೋ ಅಲ್ಲವೋ ಎಂದು ಕೇಳಿದವರಿಗೆ, ಮನೆಯವರೆಂದು ಗೊತ್ತಾದರೆ ಆಗಿನಿಂದ ಎಣಿಸೋಣ ಎಂದರು ಯಜಮಾನರು. ಅವರು ತಾವೂ ಊಟ ಬಿಟ್ಟು ಅಜ್ಜಿಯ ಕೆಳಗೆ ಬಟ್ಟೆ ಹಾಸಿ ಕೂತಿದ್ದರು. ಮೊಗ್ಗುಗಳು ಬಿಗಿಯಾಗಿ ಮುಚ್ಚಿಕೊಂಡೇ ಇದ್ದವು.

ಐದನೇ ದಿನದ ಸಂಜೆ ದುಗ್ಗಿ ದೋಣಿಯ ಹತ್ತಿರ ಹೋದಳು. ಉಪ್ಪುನೀರಿನಲ್ಲಿ ಮಿಂದು ಮಿಂದು ಅವಳ ಮೈ ತುರಿಸುತ್ತಿತ್ತು. ಈರ ಬಲೆ ಒಣಹಾಕುತ್ತಿದ್ದ.

"ಒಂದು ಹೂ ಬಿದ್ದರೆ ಸಾಕಿತ್ತು" ಎಂದ.

"ಅದು ಮೊಗ್ಗು, ಈರ. ಅರಳೋದಕ್ಕೇ ಇನ್ನೂ ತಿಂಗಳು ಬೇಕು. ಅರಳಿ, ಬಾಡಿ, ಆಮೇಲೆ ತಾನೇ ಬೀಳೋದು. ಹದಿನಾರು ವರ್ಷ ಗುಡಿಸಿದೀನಿ, ನನಗೆ ಗೊತ್ತಿಲ್ವಾ? ಹೂ ಬಾಡಿದ್ದಕ್ಕೆ ಬೀಳತ್ತೆ. ಯಾರು ಏನು ಕೇಳಿದ್ರು ಅಂತ ಒಂದೂ ಬಿದ್ದಿಲ್ಲ."

ಈರ ಬಲೆ ಬಿಟ್ಟು ಅವಳ ಕಡೆ ತಿರುಗಿದ. "ಇದನ್ನ ಯಾವತ್ತೂ ನನಗೆ ಹೇಳಲಿಲ್ಲ."

"ನನಗೇ ಹೇಳ್ಕೊಂಡಿರಲಿಲ್ಲ." ಅವಳು ಮರಳಿನ ಮೇಲೆ ಕೂತಳು. "ಎಂಟು ವರ್ಷದ ಹಿಂದೆ ಒಂದು ಬೆಳಿಗ್ಗೆ ತಂಗಿಯ ಬುಡದಲ್ಲಿ ಒಂದು ಹೂ ಬಿದ್ದಿತ್ತು. ಅವತ್ತು ಹುಣ್ಣಿಮೆ. ನೀನು ಬರೋಕೆ ಮೊದಲೇ ನಾನು ಅದನ್ನ ಬಟ್ಟೆ ಮೇಲೆ ಇಡಬಹುದಿತ್ತು. ಯಾರಿಗೂ ಗೊತ್ತಾಗ್ತಿರಲಿಲ್ಲ. ಕೈಯಲ್ಲಿ ಹಿಡ್ಕೊಂಡು ಬಹಳ ಹೊತ್ತು ನಿಂತಿದ್ದೆ. ಆಮೇಲೆ ಬುಟ್ಟಿಗೆ ಹಾಕಿದೆ."

"ಯಾಕೆ?"

"ಅವಳೇ ಕೊಡಲಿ ಅಂತ."

ಈರ ಅವಳ ಪಕ್ಕದಲ್ಲಿ ಕೂತ. ಅವನಿಗೆ ಆಗ ನಲವತ್ತನಾಲ್ಕು. ದುಗ್ಗಿಯ ಕಣ್ಣಿನಲ್ಲಿ ನೀರು ಬಂದದ್ದನ್ನು ಅವನು ಈ ಹದಿನೆಂಟು ವರ್ಷದಲ್ಲಿ ನೋಡಿರಲಿಲ್ಲ.

"ಉಳಿದ ಏಳೂ ನಾಳೆ ನಾಳಿದ್ದರಲ್ಲಿ ಹೋಗ್ತವೆ" ಎಂದಳು. "ಬಾವಿಯಿಂದ ನೀರು ತಂದುಕೊಡ್ತೀಯಾ?"

"ಎಷ್ಟು ಕೊಡ?"

"ಅಪ್ಪಣೆ ಇದೆಯಾ ಅಂತ ಕೇಳ್ತೀಯ ಅಂದ್ಕೊಂಡಿದ್ದೆ" ಎಂದು ದುಗ್ಗಿ ಮೂಗು ಒರೆಸಿಕೊಂಡು ನಕ್ಕಳು.

ಬೆಳಿಗ್ಗೆ ಎಲ್ಲರೂ ನೋಡುತ್ತಿರುವಾಗ ಅವಳು ಕಲ್ಲಿನಿಂದ ಬೀಗ ಒಡೆದಳು. ಹಂಡೆಗೆ ನೀರು ತುಂಬಿ ಒಲೆ ಹಚ್ಚಿದಳು. ಬಾಗಿಲು ಹಾಕಿಕೊಂಡಳು. ಸ್ವಲ್ಪ ಹೊತ್ತಿಗೆ ಚೊಂಬಿನ ಸದ್ದು ಕೇಳಿಸಿತು. ಒಂದು ಚೊಂಬು, ಎರಡು ಚೊಂಬು, ಮೂರು ಚೊಂಬು. ನೀರು ಕಲ್ಲಿನ ಮೇಲೆ ಬಿದ್ದು, ತೂತಿನಿಂದ ಹೊರಗೆ ಬಂದು, ಬಿರಿದ ರಾಡಿಯ ಮೇಲೆ ಹರಿದು, ಬಿಳಿ ಪರದೆಯ ಅಡಿಯಲ್ಲಿ ನುಗ್ಗಿತು.

ಯಜಮಾನರಿಗೆ ಸುದ್ದಿ ಹೋಯಿತು. ಅವರು ಗಂಟೆ ಹಿಡಿದವರೊಂದಿಗೆ ಓಡಿಬಂದರು. ಬಾಗಿಲ ಹತ್ತಿರ ಬಂದವರು ಅಲ್ಲೇ ನಿಂತರು. ಒಳಗೆ ಹೆಂಗಸು ಸ್ನಾನ ಮಾಡುತ್ತಿದ್ದಳು.

"ದುಗ್ಗಿ, ಹೊರಗೆ ಬಾ" ಎಂದರು, ಮುಖ ಆಚೆ ತಿರುಗಿಸಿಕೊಂಡು.

"ತಲೆಗೆ ಸೀಗೆ ಹಾಕ್ಕೊಂಡಿದೀನಿ, ಯಜಮಾನರೆ."

ಅವಳು ಹೊರಗೆ ಬಂದಾಗ ಯಜಮಾನರು ಮಾತು ಶುರುಮಾಡಬೇಕು, ಅಷ್ಟರಲ್ಲಿ ಈರನ ತಾಯಿ ಅವರ ಪಕ್ಕದಿಂದಲೇ ದಾಟಿಕೊಂಡು ಬಂದಳು. ಕಂಕುಳಲ್ಲಿ ಒಂದು ಕೊಡ ನೀರು, ಹೆಗಲ ಮೇಲೆ ಒಣಸೀರೆ.

"ನೀವೆಲ್ಲಿಗೆ?" ಎಂದರು ಯಜಮಾನರು.

"ಸ್ನಾನಕ್ಕೆ."

"ನಿಮ್ಮ ಮನೆಯಲ್ಲಿ ಬಚ್ಚಲಿಲ್ಲವಾ?"

"ಇದೆ" ಎಂದಳು ಆಕೆ. "ಸ್ನಾನ ಹಳೆಯ ಪದ್ಧತಿ ಯಜಮಾನರೆ. ಹಳೆಯದಕ್ಕೆ ಕೇಳಬೇಕಾಗಿಲ್ಲ ಅಂತ ನೀವೇ ಅಂದಿದ್ದು." ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು.

ಅವಳ ಹಿಂದೆ ಕೂದಲಯ್ಯನ ಹೆಂಡತಿ ಬಂದಳು. ಅವಳ ಹಿಂದೆ ಮಾಡಿಲ್ಲದ ಮನೆಯ ಮೂವರು ಸೊಸೆಯರು. ಮಧ್ಯಾಹ್ನದ ಹೊತ್ತಿಗೆ ಹೆಂಗಸರ ಸಾಲು ಈರನ ದೋಣಿಯ ತನಕ ಹೋಗಿತ್ತು. ಒಬ್ಬೊಬ್ಬರ ಕೈಯಲ್ಲೂ ಒಂದೊಂದು ಕೊಡ. ಬಾಣಂತಿ ಬಂದಳು, ಹಲ್ಲಿಲ್ಲದ ಮುದುಕಿ ಬಂದಳು. ಕೆಲವರು ಎರಡನೇ ಸಲ ಬಂದು, ಮೊದಲ ಸಲ ಬೆನ್ನು ಸರಿಯಾಗಿ ತಿಕ್ಕಿಕೊಂಡಿರಲಿಲ್ಲ ಎಂದರು. ಒಳಗಿನಿಂದ ನೀರಿನ ಸದ್ದು, ಬಳೆಯ ಸದ್ದು, ನಗುವಿನ ಸದ್ದು ಬರುತ್ತಲೇ ಇತ್ತು. ಗಂಡಸರು ಒಂದು ಮಾರು ದೂರದಲ್ಲಿ ಬೆನ್ನು ಹಾಕಿ ನಿಂತಿದ್ದರು. ಯಜಮಾನರು ಎರಡು ಸಲ ಗಂಟೆ ಹೊಡೆಸಿದರು. ಮೂರನೇ ಸಲಕ್ಕೆ ಗಂಟೆಯವನು ಗಂಟೆ ಕೆಳಗಿಟ್ಟು ಬಾವಿಯ ಕಡೆ ನೀರು ಸೇದಲು ಹೋದ.

ಈರ ಆ ದಿನ ನೂರಕ್ಕೂ ಹೆಚ್ಚು ಕೊಡ ಹೊತ್ತ. ಬಿಸಿಲಿಳಿಯುವಾಗ ದುಗ್ಗಿ ಬಾವಿಕಟ್ಟೆಯ ಹತ್ತಿರ ಅವನಿಗೆ ಬೆಲ್ಲ ನೀರು ಕೊಟ್ಟಳು.

"ನಾಳೆ ಮದುವೆ ಆಗೋಣವಾ?" ಎಂದಳು.

ಈರ ಅಭ್ಯಾಸಬಲದಿಂದ ಮರಗಳಿದ್ದ ದಿಕ್ಕಿಗೆ ತಲೆ ಎತ್ತಿದ.

"ಅಲ್ಲಿ ನೋಡಬೇಡ. ಕೇಳ್ತಿರೋಳು ನಾನು."

ಅವನು ಬೆಲ್ಲದ ತುಂಡನ್ನು ಬಾಯಿಯ ಒಂದು ಬದಿಗೆ ಸರಿಸಿಕೊಂಡು, ಆಗೋಣ ಎಂದ.

ಮರುದಿನ ಅವರ ಮದುವೆ ಆಯಿತು. ಆ ವಾರವೇ ಮೂರು ಮನೆಗಳಿಗೆ ಮಾಡು ಏರಿತು. ಏಳು ಗಿಡಗಳಲ್ಲಿ ಇನ್ನೊಂದು ಉಳಿಯಲಿಲ್ಲ, ಆರು ಚಿಗುರಿದವು. ಹೆಂಗಸರೇ ಪರದೆ ಬಿಚ್ಚಿ ಅದರಲ್ಲಿ ಮಕ್ಕಳಿಗೆ ಲಂಗ ಹೊಲಿದರು, ಕೆಸುವಿನ ಗೆಡ್ಡೆಗಳನ್ನು ಹುಡುಕಿ ತಂದು ನೆರಳಿಗೆಂದು ಮತ್ತೆ ನೆಟ್ಟರು. ತಂಗಿ ಮಾತ್ರ ಆಮೇಲೆ ಚಿಗುರಲಿಲ್ಲ. ಅವಳ ಬೇರೂ ಮೆತ್ತಗಾಗಿತ್ತು. ದುಗ್ಗಿ ದಿನಾ ಹೋಗಿ ಕಟ್ಟೆಯ ಕಲ್ಲುಗಳನ್ನು ಒಂದೊಂದಾಗಿ ಕಿತ್ತು, ಮಣ್ಣು ಬಿಡಿಸಿ, ಪಾತ್ರೆ ತೊಳೆದ ನೀರು ಹೊಯ್ದು ನೋಡಿದಳು. ತಡವಾಗಿತ್ತು. ಅಜ್ಜಿಯ ಮೊಗ್ಗು ಹಾಗೇ ಇದ್ದವು. ಅವುಗಳ ಮಾತನ್ನು ಯಾರೂ ಎತ್ತಲಿಲ್ಲ, ಯಜಮಾನರೂ ಎತ್ತಲಿಲ್ಲ.

ಯಜಮಾನರು ಮನೆಯಿಂದ ಹೊರಗೆ ಬಂದೇ ಇರಲಿಲ್ಲ. ಒಂಬತ್ತನೇ ದಿನ ಬೆಳಿಗ್ಗೆ ಬಂದರು. ಗಂಡಸರ ಸರದಿ ನಡೆಯುತ್ತಿತ್ತು. ಹೆಂಗಸರು ದಿನಾ ನಾವೇ ಮೀಯುವುದಾ ಎಂದು ಕೇಳಿದ ಮೇಲೆ ದಿನ ಬಿಟ್ಟು ದಿನ ಗಂಡಸರು ಬರತೊಡಗಿದ್ದರು. ಯಜಮಾನರ ಕೈಯಲ್ಲಿ ಒಂದು ತಾಮ್ರದ ಚೊಂಬು, ಅದರಲ್ಲಿ ಬಾವಿಯ ನೀರು. ಸಾಲಿನವರು ಸರಿದು ದಾರಿ ಬಿಟ್ಟರು. ಅವರು ಗಿಡಗಳ ಹತ್ತಿರ ನಿಂತು ಆರನ್ನೂ ನೋಡಿದರು. ಬಗ್ಗಿ, ಒಂದು ಎಲೆಯ ಕೆಂಪು ಅಂಚನ್ನು ಬೆರಳಿನಿಂದ ಮುಟ್ಟಿದರು. ಎಪ್ಪತ್ತು ವರ್ಷದಲ್ಲಿ ಆ ಎಲೆಯನ್ನು ಅವರು ಮುಟ್ಟಿದ್ದು ಅದೇ ಮೊದಲು.

"ಅಜ್ಜನನ್ನು ಕೊಂದದ್ದು ನಾನೇ, ಅಲ್ಲವಾ ದುಗ್ಗಿ?"

"ಹಾಲು ಹೊತ್ತು ಹೊಯ್ದವಳು ನಾನು" ಎಂದಳು ದುಗ್ಗಿ. "ಇಬ್ಬರೂ ಸೇರಿ."

ಅವರು ಚೊಂಬನ್ನು ಎತ್ತಿ ಹಿಡಿದು ಸುತ್ತ ನೋಡಿದರು. "ನಾನೂ ಒಂದು ಚೊಂಬು ಹೊಯ್ಯಬಹುದಾ?"

"ಕೇಳಬೇಡಿ, ಹೊಯ್ಯಿರಿ" ಎಂದಳು ದುಗ್ಗಿ. "ಆದರೆ ಇವಕ್ಕೆ ತಣ್ಣೀರು ಅಭ್ಯಾಸವಿಲ್ಲ. ಮೈ ತೊಳೆದ ನೀರೇ ಆಗಬೇಕು. ಒಳಗೆ ಹೋಗಿ, ಹಂಡೆ ಕಾದಿದೆ."

ಯಜಮಾನರು ಬಾಗಿಲು ನೋಡಿದರು, ಚೊಂಬು ನೋಡಿದರು. ಪ್ರಾಯದಲ್ಲಿ ಅವರು ಬಿಸಿನೀರಿನಲ್ಲಿ ಮೀಯಬಹುದೇ ಎಂದು ಅಜ್ಜನ ಕೆಳಗೆ ಬಟ್ಟೆ ಹಾಸಿದ್ದರು, ಹೂವು ಬಿದ್ದಿರಲಿಲ್ಲ. ನಲವತ್ತು ವರ್ಷ, ದಿನಕ್ಕೆ ಐದು ಸಲ, ತಣ್ಣೀರು. ಇದನ್ನು ಅವರು ಯಾರಿಗೂ ಹೇಳಿರಲಿಲ್ಲ. ಆಗ ದುಗ್ಗಿಗೆ ಹೇಳಿದರು, ತಲೆ ತಗ್ಗಿಸಿಕೊಂಡು. ಆಮೇಲೆ ಮೇಲುವಸ್ತ್ರ ತೆಗೆದು ತಟ್ಟಿಯ ಮೇಲೆ ಹಾಕಿ ಒಳಗೆ ಹೋದರು.

ಮೊದಲ ಚೊಂಬಿನ ಸದ್ದು ಬಂತು. ಆಮೇಲೆ ಬಹಳ ಹೊತ್ತು ಯಾವ ಸದ್ದೂ ಇಲ್ಲ. ಈರ ಗಾಬರಿಯಿಂದ ಬಾಗಿಲ ಹತ್ತಿರ ಹೋದ. ಅಷ್ಟರಲ್ಲಿ ಎರಡನೇ ಚೊಂಬು ಬಿತ್ತು, ಮೂರನೆಯದು ಬಿತ್ತು, ಕೊನೆಗೆ ಲೆಕ್ಕ ತಪ್ಪಿತು. ಒಳಗಿನಿಂದ ಹಾಡಿನಂಥದ್ದೇನೋ ಕೇಳಿಸತೊಡಗಿತು. ರಾಗ ಇರಲಿಲ್ಲ, ಆದರೆ ಸಾಕಷ್ಟು ಜೋರಾಗಿತ್ತು. ಹೊರಗೆ ಗಿಡಗಳ ಬುಡದಲ್ಲಿ ನೀರು ತುಂಬಿ, ಕೆಸುವಿನ ಎಲೆಯ ಮಟ್ಟಕ್ಕೆ ಬಂದು, ಅಂಗಳಕ್ಕೇ ಹರಿಯಿತು. ಸಾಲಿನಲ್ಲಿ ನಿಂತವರು ಒಂದು ಕಾಲಿನಿಂದ ಇನ್ನೊಂದಕ್ಕೆ ಭಾರ ಬದಲಿಸಿದರು. ಕೂದಲಯ್ಯ ಕೆಮ್ಮಿದ.

ದುಗ್ಗಿ ಹೋಗಿ ಬಾಗಿಲು ಬಡಿದಳು.

"ಯಜಮಾನರೆ, ಬೇಗ ಮುಗಿಸಿ. ಹಿಂದೆ ಜನ ಕಾಯ್ತ ಇದ್ದಾರೆ."